ಬಿಡುಗಡೆ ಪತ್ರ

2025ರ ದೀಪಾವಳಿಗೆ ಬಿ.ಜಿ. ಕೆರೆಗೆ ಬಂದಿದ್ದ ಹಳೆಯ ವಿದ್ಯಾರ್ಥಿನಿಯೊಬ್ಬಳು ನಮ್ಮ ಮನೆಗೂ ಬಂದು ಹೋದಳು. ಒಂಬತ್ತು ವರ್ಷಗಳಿಂದ ದೂರದ ಊರಿನ ಖಾಸಗಿ ಶಾಲೆಯೊಂದರಲ್ಲಿ ಶಿಕ್ಷಕಿಯಾಗಿದ್ದಾಳೆ. ಪ್ರತಿ ಏಪ್ರಿಲ್‌ನಲ್ಲಿ ಬಿಡುಗಡೆ ಪತ್ರಕ್ಕೆ ಸಹಿ, ಜೂನ್‌ನಲ್ಲಿ ಮರುನೇಮಕ. ಗ್ರಾಚ್ಯುಟಿಯ ಮಾತೆತ್ತಿದರೆ, "ನಿನಗಿನ್ನೂ ಟಿ.ಇ.ಟಿ. ಆಗಿಲ್ಲವಲ್ಲ, ಇಟ್ಟುಕೊಂಡಿರುವುದೇ ಹೆಚ್ಚು" ಎನ್ನುತ್ತಾರಂತೆ. ಹೇಳಿ ನಕ್ಕಳು. ನನಗೆ ನಗು ಬರಲಿಲ್ಲ. ಏಕೆಂದರೆ ಅಂಥ ಬಿಡುಗಡೆ ಪತ್ರಗಳನ್ನು ಒಂದು ಕಾಲದಲ್ಲಿ ನಾನೇ ಬರೆದಿದ್ದೇನೆ. ನಿಮ್ಮಲ್ಲಿ ಯಾರಿಗೂ ಇದುವರೆಗೆ ಹೇಳದ ವಿಷಯವಿದು.

ಸರ್ಕಾರಿ ಕೆಲಸ ಸಿಗುವ ಮುಂಚೆ ನಾನು ನಮ್ಮ ಸೀಮೆಯ ಅನುದಾನರಹಿತ ಪ್ರೌಢಶಾಲೆಯೊಂದರಲ್ಲಿದ್ದೆ. ಶಾಲೆಯ ಹೆಸರು ಇಲ್ಲಿ ಬೇಡ. 1979ರಲ್ಲಿ ಅಲ್ಲಿಗೆ ಸೇರಿದ ಗೆಳೆಯರೊಬ್ಬರು ಬಿ.ಎ. ಮುಗಿಸಿದ್ದರು, ಬಿ.ಎಡ್. ಆಗಿರಲಿಲ್ಲ. ಇಂಗ್ಲಿಷ್ ಪಾಠವನ್ನು ಅವರಷ್ಟು ಚೆನ್ನಾಗಿ ಮಾಡುವವರನ್ನು ನಾನು ಆಮೇಲೂ ಹೆಚ್ಚು ಕಂಡಿಲ್ಲ. ನನ್ನ ಅಕ್ಷರ ದುಂಡಗಿದ್ದುದರಿಂದ ಕಚೇರಿಯ ಪತ್ರಗಳನ್ನು ಬರೆಯುವ ಕೆಲಸ ನನ್ನ ಪಾಲಿಗೆ ಬಂದಿತ್ತು. "ತಾವು ತರಬೇತಿ ಪಡೆಯದ ಅಭ್ಯರ್ಥಿಯಾಗಿರುವುದರಿಂದ ತಮ್ಮನ್ನು ಇಂದು ಅಪರಾಹ್ನ ಸೇವೆಯಿಂದ ಬಿಡುಗಡೆಗೊಳಿಸಲಾಗಿದೆ" ಎಂದು ಆರು ಏಪ್ರಿಲ್‌ಗಳಲ್ಲಿ ಬರೆದೆ. ಅವರು ಓದಿ, ಸಹಿ ಹಾಕಿ, ಮರುದಿನ ಬೆಳಿಗ್ಗೆ ಮತ್ತೆ ಶಾಲೆಗೇ ಬರುತ್ತಿದ್ದರು.

ಮೇ ತಿಂಗಳೆಲ್ಲ ಅವರಿಗೆ ಬಿಡುವೇ ಇರುತ್ತಿರಲಿಲ್ಲ. ಹತ್ತನೆಯ ತರಗತಿಗೆ ಹೋಗುವವರಿಗೆ ಬೆಳಿಗ್ಗೆ ಇಂಗ್ಲಿಷ್ ವ್ಯಾಕರಣ. ಆಮೇಲೆ ಸೈಕಲ್ಲಿನಲ್ಲಿ ಕೊಂಡ್ಲಹಳ್ಳಿ, ಕೋನಸಾಗರದ ಕಡೆ ಹೋಗಿ, ಎಂಟನೆಯ ತರಗತಿಗೆ ಮಕ್ಕಳನ್ನು ಸೇರಿಸಿರೆಂದು ಮನೆಮನೆ ತಿರುಗುವುದು. ಪಡಸಾಲೆಯಲ್ಲಿ ಬಿತ್ತನೆಗೆ ಶೇಂಗಾ ಸುಲಿಯುತ್ತ ಕುಳಿತ ತಾಯಂದಿರು ಒಂದು ಹಿಡಿ ಬೀಜ ಕೊಟ್ಟು, "ಹುಡುಗಿನ್ನ ಅಷ್ಟು ದೂರ ಹೆಂಗ್ ಕಳಿಸಾದು ಸಾಮಿ" ಎನ್ನುತ್ತಿದ್ದರಂತೆ. ಆ ಎರಡು ತಿಂಗಳಿಗೆ ಸಂಬಳವಿಲ್ಲ. ಕಾಗದದ ಪ್ರಕಾರ ಅವರು ನೌಕರರೇ ಅಲ್ಲವಲ್ಲ!

ಇದು ನಮ್ಮ ಶಾಲೆಯೊಂದರ ಜಾಣತನವೆಂದು ತಿಳಿಯಬೇಡಿ. ರಾಜ್ಯದ ಖಾಸಗಿ ಕಾಲೇಜುಗಳ ತಾತ್ಕಾಲಿಕ ಉಪನ್ಯಾಸಕರನ್ನೂ ಮೂರು ಮೂರು ತಿಂಗಳಿಗೆ ನೇಮಿಸಿ, ನಡುವೆ ಒಂದೆರಡು ದಿನ ಬಿಡುವು ಕೊಟ್ಟು, ಕಾಯಂ ನೌಕರನ ಕನಿಷ್ಠ ವೇತನಕ್ಕಿಂತ ಹತ್ತು ರೂಪಾಯಿ ಕಡಿಮೆ ಕೊಡುವ ಪದ್ಧತಿಯಿತ್ತು. ಆ ಉಪನ್ಯಾಸಕರ ಸಂಘ ಸುಪ್ರೀಂ ಕೋರ್ಟಿನವರೆಗೆ ಹೋಗಿ 1992ರಲ್ಲಿ ಗೆದ್ದಿತು. ಹತ್ತು ರೂಪಾಯಿ! ಉಳಿತಾಯಕ್ಕಿಂತ, 'ನೀನು ಬೇರೆ' ಎಂದು ತೋರಿಸುವುದಕ್ಕೇ ಅದನ್ನು ಕಡಿತ ಮಾಡಿದಂತಿದೆ.

ನಾನು 1984ರಲ್ಲಿ ಸರ್ಕಾರಿ ಸೇವೆಗೆ ಹೋದೆ. ಗೆಳೆಯರು 1985ರಲ್ಲಿ ಬಿ.ಎಡ್. ಮುಗಿಸಿಕೊಂಡು ಅಲ್ಲೇ ಉಳಿದರು. 2003ರಲ್ಲಿ ನಿವೃತ್ತರಾದಾಗ ಸಂಬಳ 5,200 ರೂಪಾಯಿ. ಗ್ರಾಚ್ಯುಟಿ ಕಾಯ್ದೆಯ ಲೆಕ್ಕ ಸರಳವಾಗಿತ್ತು: ತಿಂಗಳ ಸಂಬಳವನ್ನು 26ರಿಂದ ಭಾಗಿಸಿ, 15ರಿಂದಲೂ ಸೇವೆಯ ವರ್ಷಗಳಿಂದಲೂ ಗುಣಿಸುವುದು. ಇಪ್ಪತ್ನಾಲ್ಕು ವರ್ಷಕ್ಕೆ 72,000 ರೂಪಾಯಿ. 1997ರ ಏಪ್ರಿಲ್ 3ರಿಂದ ಹತ್ತು ಜನರಿಗೆ ಕಡಿಮೆಯಿಲ್ಲದ ಶಿಕ್ಷಣ ಸಂಸ್ಥೆಗಳಿಗೂ ಆ ಕಾಯ್ದೆ ಅನ್ವಯಿಸಿತ್ತು. ಅವರು ಅರ್ಜಿ ಹಾಕಿದರು.

ಆದರೆ 2004ರ ಜನವರಿಯಲ್ಲಿ ಅಹಮದಾಬಾದಿನ ಪ್ರಾಥಮಿಕ ಶಿಕ್ಷಕರ ಸಂಘದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್, ಶಿಕ್ಷಕರು ಆ ಕಾಯ್ದೆಯ ಅರ್ಥದಲ್ಲಿ 'ಉದ್ಯೋಗಿ'ಗಳಲ್ಲ ಎಂದುಬಿಟ್ಟಿತು. ಕಾಯ್ದೆಯ ವ್ಯಾಖ್ಯೆಯಲ್ಲಿ ಕುಶಲ, ಅರೆಕುಶಲ, ಅಕುಶಲ, ದೈಹಿಕ, ಮೇಲ್ವಿಚಾರಣೆಯ, ತಾಂತ್ರಿಕ, ಗುಮಾಸ್ತಿಕೆಯ ಕೆಲಸಗಳಿದ್ದವು. ಬೋಧನೆ ಇವ್ಯಾವುದರಲ್ಲೂ ಸೇರದು ಎಂದು ತೀರ್ಪು. ಶಾಸನ ಮಾಡುವವರು ಈ ಬಗ್ಗೆ ಯೋಚಿಸಲಿ ಎಂದೂ ನ್ಯಾಯಾಲಯ ಹೇಳಿತ್ತು. ಗೆಳೆಯರ ಅರ್ಜಿ ಬಿದ್ದುಹೋಯಿತು. "ಗಂಟೆ ಹೊಡೆಯೋ ನಮ್ಮ ಜವಾನನಿಗೆ ಬರ್ತದಂತೆ ಮೇಷ್ಟ್ರೇ, ನನಗೆ ಬರಲ್ಲಂತೆ" ಎಂದರು. ಜವಾನನಿಗೆ ಬಂದದ್ದಕ್ಕೆ ಅವರಿಗೆ ಸಂತೋಷವೇ ಇತ್ತು.

ಸಂಸತ್ತು 2009ರಲ್ಲಿ ಕಾಯ್ದೆಗೆ ತಿದ್ದುಪಡಿ ತಂದು ಶಿಕ್ಷಕರನ್ನೂ ಸೇರಿಸಿತು. ಅದೂ 1997ರಿಂದಲೇ ಜಾರಿಗೆ ಬರುವಂತೆ. ಗೆಳೆಯರು ಮತ್ತೆ ಅರ್ಜಿ ಹಾಕಿದರು. ಈ ಸಲ ಆಡಳಿತ ಮಂಡಳಿ ಬೇರೆಯೇ ತಕರಾರು ತೆಗೆಯಿತು: ಮೊದಲ ಆರು ವರ್ಷ ಇವರಿಗೆ ಅರ್ಹತೆಯೇ ಇರಲಿಲ್ಲ, ಪ್ರತಿ ವರ್ಷ ಬಿಡುಗಡೆಯೂ ಆಗಿದೆ, ಆ ಸೇವೆ ಲೆಕ್ಕಕ್ಕಿಲ್ಲ. ಸಾಕ್ಷಿಗೆ ನನ್ನ ಆರು ಪತ್ರಗಳು.

ಆಗಷ್ಟೇ ನಿವೃತ್ತನಾಗಿದ್ದ ನನಗೆ ಸರ್ಕಾರದ ಗ್ರಾಚ್ಯುಟಿ, ಪಿಂಚಣಿ ಎರಡೂ ಯಾರನ್ನೂ ಬೇಡದೆ ಬಂದಿದ್ದವು. 2013ರಲ್ಲಿ ಕಾರ್ಮಿಕ ಇಲಾಖೆಯ ಅಧಿಕಾರಿಯ ಮುಂದೆ ಹೋಗಿ ಹೇಳಿಕೆ ಕೊಟ್ಟೆ. ಪತ್ರಗಳು ನನ್ನ ಕೈಬರಹವೇ, ಅವುಗಳಲ್ಲಿರುವುದು ಸುಳ್ಳು, ಮೇ ತಿಂಗಳಲ್ಲೂ ಇವರು ಶಾಲೆಯ ಕೆಲಸದಲ್ಲೇ ಇದ್ದರು, ಎಂದೆ. "ಸುಳ್ಳೆಂದು ಗೊತ್ತಿದ್ದೂ ಏಕೆ ಬರೆದಿರಿ?" ಎಂದು ಎದುರು ವಕೀಲರು ಕೇಳಿದರು. ನನ್ನ ಕೆಲಸ ಉಳಿಸಿಕೊಳ್ಳಲು, ಎಂದೆ. ಬೇರೆ ಉತ್ತರ ನನ್ನಲ್ಲಿರಲಿಲ್ಲ.

ಆದೇಶ ಇಪ್ಪತ್ನಾಲ್ಕು ವರ್ಷಗಳಿಗೂ ಬಂತು. ಆ ಕಾಯ್ದೆ ನೋಡುತ್ತಿದ್ದುದು ಸೇವೆಯನ್ನು, ಪದವಿಯನ್ನಲ್ಲ. ಆಡಳಿತ ಮಂಡಳಿ ಮೇಲ್ಮನವಿ ಹೋಯಿತು. ಅದಕ್ಕಾಗಿ ಇಡಬೇಕಾದ ಹಣ ವರ್ಷಗಟ್ಟಲೆ ಠೇವಣಿಯಲ್ಲೇ ಕುಳಿತಿತು. ತಿದ್ದುಪಡಿಯನ್ನೇ ಪ್ರಶ್ನಿಸಿದ್ದ ಖಾಸಗಿ ಶಾಲೆಗಳ ಅರ್ಜಿಗಳನ್ನು ಸುಪ್ರೀಂ ಕೋರ್ಟ್ 2022ರ ಆಗಸ್ಟ್ 29ರಂದು ವಜಾ ಮಾಡಿ, ಬಡ್ಡಿಸಹಿತ ಕೊಡಿ ಎಂದ ಮೇಲೆಯೇ ಅದು ಕದಲಿದ್ದು. ಗೆಳೆಯರಿಗಾಗ ಎಪ್ಪತ್ತೇಳು.

ಆ ಹುಡುಗಿಗೆ ಇದನ್ನೆಲ್ಲ ಹೇಳಿದೆ. 2025ರ ಸೆಪ್ಟೆಂಬರ್ 1ರ ತೀರ್ಪು ಟಿ.ಇ.ಟಿ. ವಿಷಯದಲ್ಲಿ ಕಠಿಣವಾಗಿಯೇ ಇದೆ: ಶಿಕ್ಷಣ ಹಕ್ಕು ಕಾಯ್ದೆಗೆ ಮುಂಚೆ ಸೇರಿ, ಐದು ವರ್ಷಕ್ಕಿಂತ ಹೆಚ್ಚು ಸೇವೆ ಉಳಿದಿರುವವರು ಎರಡು ವರ್ಷದಲ್ಲಿ ತೇರ್ಗಡೆಯಾಗಬೇಕು, ಇಲ್ಲವೇ ಹೊರಡಬೇಕು. ಆದರೆ ಹಾಗೆ ಹೊರಡುವವರಿಗೂ, ನಿಯಮದ ಪ್ರಕಾರ ಅಗತ್ಯವಾದಷ್ಟು ಸೇವೆ ಆಗಿದ್ದರೆ, ಸಲ್ಲಬೇಕಾದ ನಿವೃತ್ತಿ ಸೌಲಭ್ಯ ಕೊಡಿ ಎಂದು ಅದೇ ತೀರ್ಪು ಹೇಳಿದೆ. ಪರೀಕ್ಷೆಗೆ ಓದಿಕೋ, ಜೊತೆಗೆ ಹಾಜರಿ ಪುಸ್ತಕದ ಪ್ರತಿ ಇಟ್ಟುಕೋ ಎಂದೆ. 2025ರ ನವೆಂಬರ್ 21ರಿಂದ ಹಳೆಯ ಗ್ರಾಚ್ಯುಟಿ ಕಾಯ್ದೆಯ ಜಾಗಕ್ಕೆ ಸಾಮಾಜಿಕ ಭದ್ರತಾ ಸಂಹಿತೆ ಬಂದಿರುವುದನ್ನು ಆಮೇಲೆ ಫೋನಿನಲ್ಲಿ ತಿಳಿಸಿದೆ.

ಹಣ ಬಂದ ದಿನ ಗೆಳೆಯರು ಕಡತದ ನಕಲು ಹಿಡಿದು ನಮ್ಮ ಮನೆಗೆ ಬಂದಿದ್ದರು. ಕೊನೆಯಲ್ಲಿ ನನ್ನ ಆರು ಪತ್ರಗಳು, ಒಂದರ ಹಿಂದೆ ಒಂದು. ಕನ್ನಡಕ ಸರಿಮಾಡಿಕೊಂಡು ಬಹಳ ಹೊತ್ತು ನೋಡಿದರು.

"ಅಕ್ಷರ ಮಾತ್ರ ಮುತ್ತಿನಂಗಿತ್ತು ಬಿಡಿ ಮೇಷ್ಟ್ರೇ" ಎಂದರು.