ರೇಖೆಯಲ್ಲಿ ಮೂಡಿದ ರಾಮ

ಆಸ್ತಿಯಲ್ಲಿ ಎರಡು ಬಗೆ: ಒಂದು ಪಿತ್ರಾರ್ಜಿತ, ಇನ್ನೊಂದು ಸ್ವಯಾರ್ಜಿತ. ಹಿರಿಯರಿಂದ ಬಂದ ಗದ್ದೆಯನ್ನು ಪಡೆಯಲು ಆ ಮನೆಯಲ್ಲಿ ಹುಟ್ಟಿದ್ದರೆ ಸಾಕು. ದುಡಿದು ಕೊಂಡ ಗದ್ದೆಗಾದರೋ ಬೆವರಿನ ಬೆಲೆಯನ್ನು ತೆರಬೇಕು. ಮೊದಲನೆಯದನ್ನು ಪಡೆದವನು ಅದನ್ನು ಹಡಿಲು ಬಿಟ್ಟರೂ ಒಡೆಯನೆಂದೇ ಎನಿಸಿಕೊಳ್ಳುತ್ತಾನೆ. ಕಥೆಗಳ ವಿಷಯದಲ್ಲಿಯೂ ಈ ನ್ಯಾಯ ಸಲ್ಲುವುದೇ? ರಾಮಾಯಣ ನಮ್ಮದು ಎಂದು ನಾವು ಹೇಳುವಾಗ ಆ 'ನಮ್ಮದು' ಎಂಬ ಮಾತಿಗೆ ಆಧಾರವೇನು? ಜಪಾನಿನ ಯುಗೊ ಸಾಕೊ ಎಂಬ ಚಿತ್ರನಿರ್ದೇಶಕರು ತಮ್ಮ ಬಾಳಿನ ಹತ್ತಿರ ಹತ್ತಿರ ಹತ್ತು ವರ್ಷಗಳನ್ನು ಕಳೆದ ಬಗೆಯನ್ನು ತಿಳಿದಂದಿನಿಂದ ಈ ಪ್ರಶ್ನೆ ನನ್ನನ್ನು ಬಿಟ್ಟಿಲ್ಲ.

ನನ್ನೂರು ತೋಡಾರು, ಮೂಡುಬಿದಿರೆಯ ನೆರೆಯ ಹಳ್ಳಿ. ಈ ಸೀಮೆಯಲ್ಲಿ ಹುಟ್ಟಿದವನಿಗೆ ರಾಮಕಥೆ ಒಂದೇ ಎಂಬ ಭ್ರಮೆ ಬಹುಕಾಲ ಉಳಿಯದು. 1430ರಲ್ಲಿ ಕಟ್ಟಲಾದ ಸಾವಿರ ಕಂಬದ ಬಸದಿಯ ಊರು ನಮ್ಮ ಪಕ್ಕದಲ್ಲಿಯೇ ಇದೆ. ಜೈನಪರಂಪರೆಯ ನಾಗಚಂದ್ರನ ಕಾವ್ಯದಲ್ಲಿ ರಾವಣನನ್ನು ಕೊಲ್ಲುವವನು ರಾಮನಲ್ಲ, ಲಕ್ಷ್ಮಣ. ಅಲ್ಲಿಯ ವಾನರರು ಕೋತಿಗಳಲ್ಲ, ಕಪಿಧ್ವಜವನ್ನುಳ್ಳ ವಿದ್ಯಾಧರರು. ತೆಂಕಣದ ಕುಂಬಳೆಯ ಪಾರ್ತಿಸುಬ್ಬ ರಾಮಾಯಣವನ್ನು ಯಕ್ಷಗಾನ ಪ್ರಸಂಗಗಳನ್ನಾಗಿ ಹಾಡಿದ. ನಂದಳಿಕೆಯ ಮುದ್ದಣ ಅದೇ ಕಥೆಯ ಉತ್ತರಭಾಗವನ್ನು ತನ್ನ ಮಡದಿಗೆ ಹೇಳುವ ಸಲ್ಲಾಪವನ್ನಾಗಿಸಿದ. ಮಲೆನಾಡಿನಲ್ಲಿ ಕುವೆಂಪು ಅದಕ್ಕೆ ಮತ್ತೊಂದು ದರ್ಶನವನ್ನೇ ಕೊಟ್ಟರು. ಹೀಗೆ ಒಬ್ಬೊಬ್ಬರೂ ತಮ್ಮ ತಮ್ಮ ರಾಮನನ್ನು ದುಡಿದು ಗಳಿಸಿದವರೇ.

ನಾನು ರಾಮನನ್ನು ಮೊದಲು ಕಂಡದ್ದು ಕೊಯಿಲು ಮುಗಿದ ಗದ್ದೆಯ ಬಯಲಾಟದಲ್ಲಿ. ಹಗಲಿನಲ್ಲಿ ನಮ್ಮ ನಿಮ್ಮಂತೆ ಓಡಾಡುತ್ತಿದ್ದ ಮನುಷ್ಯ ಚೌಕಿಯೊಳಗೆ ಹೋಗಿ, ಮುಖಕ್ಕೆ ಬಣ್ಣ ಬಳಿದು, ಕಿರೀಟ ಕಟ್ಟಿ ಹೊರಬಂದನೆಂದರೆ ಅವನ ಹೆಸರು ಯಾರಿಗೂ ನೆನಪಾಗುತ್ತಿರಲಿಲ್ಲ. ರಾವಣನ ಪಾತ್ರಧಾರಿಯಂತೂ ಅಕ್ಕಿಹಿಟ್ಟಿನ ಚುಟ್ಟಿಯನ್ನು ಗಂಟೆಗಟ್ಟಲೆ ಇಟ್ಟುಕೊಂಡು ತನ್ನ ಮುಖವನ್ನೇ ಅಳಿಸಿಬಿಡುತ್ತಿದ್ದ. ದೇವದಾನವರು ರಂಗಕ್ಕೆ ಬರಬೇಕಾದರೆ ಮನುಷ್ಯನ ಮುಖ ಮರೆಯಾಗಬೇಕೆಂಬುದು ನಮ್ಮ ಹಿರಿಯರು ಕಂಡುಕೊಂಡ ಕಲಾರಹಸ್ಯ. ಈ ರಹಸ್ಯ ಬೇರೊಂದು ದಾರಿಯಿಂದ ಜಪಾನಿನವರೊಬ್ಬರಿಗೂ ಹೊಳೆಯಿತು.

ಯುಗೊ ಸಾಕೊ ಅವರು ಸಾಕ್ಷ್ಯಚಿತ್ರಗಳನ್ನು ತಯಾರಿಸುತ್ತಿದ್ದವರು. ಪುರಾತತ್ತ್ವಜ್ಞ ಬಿ. ಬಿ. ಲಾಲ್ ಅವರು ಅಲಹಾಬಾದಿನ ಸಮೀಪದಲ್ಲಿ ನಡೆಸಿದ ಉತ್ಖನನವನ್ನು ಕುರಿತು ಚಿತ್ರ ತೆಗೆಯಲು ಅವರು 1983ರಲ್ಲಿ ಭಾರತದಲ್ಲಿದ್ದರು. ಮಣ್ಣಿನಡಿಯ ಕುರುಹುಗಳನ್ನು ಚಿತ್ರಿಸಲು ಬಂದವರ ಮನಸ್ಸನ್ನು ಆ ಮಣ್ಣಿನ ಮೇಲಿನ ಕಥೆ ಸೆಳೆಯಿತು. ಊರಿಗೆ ಮರಳಿ ಮರೆತುಬಿಡಬಹುದಾಗಿದ್ದ ಆಕರ್ಷಣೆ ಅದು. ಅವರು ಮರೆಯಲಿಲ್ಲ. ಜಪಾನೀ ಭಾಷೆಯಲ್ಲಿ ದೊರೆತ ಹತ್ತು ರಾಮಾಯಣಗಳನ್ನು ತರಿಸಿಕೊಂಡು ಓದಿದರು. ಹುಟ್ಟಿನಿಂದ ಭಾರತೀಯರಾದ ನಮ್ಮಲ್ಲಿ ಹತ್ತು ರಾಮಾಯಣಗಳನ್ನು ಓದಿದವರು ಎಷ್ಟು ಮಂದಿ?

ಓದಿದ ಬಳಿಕ ಅವರಲ್ಲಿ ಈ ಕಥೆಯನ್ನು ಚಲನಚಿತ್ರವಾಗಿಸುವ ಹಂಬಲ ಮೂಡಿತು. ಆದರೆ ನಟನೊಬ್ಬನಿಗೆ ರಾಮನ ವೇಷ ತೊಡಿಸಲು ಅವರ ಮನಸ್ಸು ಒಪ್ಪಲಿಲ್ಲ. ರಾಮನು ದೇವರು, ಆತನನ್ನು ಮನುಷ್ಯನೊಬ್ಬ ನಟಿಸುವುದಕ್ಕಿಂತ ಚಿತ್ರದಲ್ಲಿ ಮೂಡಿಸುವುದೇ ಮೇಲು ಎಂಬುದು ಅವರ ನಿಲುವು. ಬಣ್ಣದ ಚೌಕಿಯಲ್ಲಿ ನಮ್ಮ ಕಲಾವಿದರು ಮಾಡುವುದನ್ನೇ ಅವರು ಕುಂಚದಿಂದ ಮಾಡಹೊರಟರು. ಅನಿಮೇಷನ್ ಎಂದು ಕರೆಯುವ ಈ ಸಜೀವ ಚಿತ್ರಕಲೆ ಜಪಾನಿನಲ್ಲಿ ಹುಡುಗಾಟವಲ್ಲ. ಹಿರಿಯರೂ ಗಂಭೀರವಾಗಿ ನೋಡುವ, ಬದುಕಿನ ದುಃಖವನ್ನೂ ಧರ್ಮಸಂಕಟವನ್ನೂ ಹೊರಬಲ್ಲ ಕಲೆ.

ನಮ್ಮ ದೇಶದಲ್ಲಿ ಕಾರ್ಟೂನ್ ಎಂದರೆ ಇಲಿ ಬೆಕ್ಕುಗಳ ಚೇಷ್ಟೆ ಎಂದೇ ಎಣಿಕೆ. ಹೀಗಾಗಿ ಈ ಯೋಜನೆಯ ಸುದ್ದಿಗೆ ಇಲ್ಲಿ ಆಕ್ಷೇಪಗಳೆದ್ದವು. ರಾಮಾಯಣ ಭಾರತದ ಸಂಪತ್ತು, ಪರದೇಶದವರು ಅದನ್ನು ಮನಬಂದಂತೆ ಚಿತ್ರಿಸಕೂಡದು ಎಂಬ ಪತ್ರವೂ ದೆಹಲಿಯ ಜಪಾನೀ ರಾಯಭಾರ ಕಚೇರಿಗೆ ಹೋಯಿತು. ಸಾಕೊ ಕೋಪಿಸಿಕೊಳ್ಳಲಿಲ್ಲ, ಆಕ್ಷೇಪಿಸಿದವರೊಡನೆ ಮಾತನಾಡಿ ತಮ್ಮ ಉದ್ದೇಶವನ್ನು ತಿಳಿಸಿದರು. ಎರಡು ದೇಶಗಳೂ ಕೂಡಿ ಚಿತ್ರ ತಯಾರಿಸೋಣವೆಂಬ ಅವರ ಸಲಹೆಗೆ ಸರ್ಕಾರ ಮೊದಲು ಒಲವು ತೋರಿದರೂ, ವಿಷಯ ಸೂಕ್ಷ್ಮವಾದುದೆಂದು ಬಳಿಕ ಹಿಂದೆಗೆಯಿತು. ಅಯೋಧ್ಯೆಯ ವಿವಾದ ದೇಶವನ್ನು ಕಲಕಿದ್ದ ಕಾಲವದು. ಕೊನೆಗೆ ಜಪಾನಿನಲ್ಲಿಯೇ ಪ್ರತ್ಯೇಕ ಸಂಸ್ಥೆಯೊಂದನ್ನು ಸ್ಥಾಪಿಸಿ, 1990ರಲ್ಲಿ ಚಿತ್ರರಚನೆಯ ಮುಖ್ಯ ಕೆಲಸವನ್ನು ಆರಂಭಿಸಿದರು.

ಆದರೂ ಅವರು ಭಾರತವನ್ನು ಹೊರಗಿಡಲಿಲ್ಲ. ನಿರ್ದೇಶನದಲ್ಲಿ ಜಪಾನಿನ ಕೊಯಿಚಿ ಸಾಸಾಕಿ ಅವರೊಡನೆ ನಮ್ಮ ರಾಮ್ ಮೋಹನ್ ಅವರನ್ನೂ ಸೇರಿಸಿಕೊಂಡರು. ರಾಮ್ ಮೋಹನ್ ಅವರು 1956ರಲ್ಲಿ ಮುಂಬಯಿಯ ಫಿಲ್ಮ್ಸ್ ಡಿವಿಷನ್ನಿನ ಕಾರ್ಟೂನ್ ವಿಭಾಗವನ್ನು ಸೇರಿ, ಡಿಸ್ನಿ ಸಂಸ್ಥೆಯಿಂದ ಬಂದ ಕ್ಲೇರ್ ವೀಕ್ಸ್ ಅವರಲ್ಲಿ ಈ ವಿದ್ಯೆಯನ್ನು ಕಲಿತವರು; ಭಾರತೀಯ ಸಜೀವ ಚಿತ್ರಕಲೆಯ ಪಿತಾಮಹರೆನಿಸಿ, 2014ರಲ್ಲಿ ಪದ್ಮಶ್ರೀ ಪ್ರಶಸ್ತಿಗೆ ಪಾತ್ರರಾದವರು. ಚಿತ್ರಕ್ಕೆ ಸಂಗೀತವನ್ನು ವನರಾಜ್ ಭಾಟಿಯಾ ಒದಗಿಸಿದರು. ಎರಡೂ ದೇಶಗಳ ಸುಮಾರು 450 ಕಲಾವಿದರು ಇದಕ್ಕಾಗಿ ದುಡಿದರು.

ಆ ದುಡಿಮೆ ಎಂಥದೆಂಬುದನ್ನು ವಿದ್ಯಾರ್ಥಿಗಳು ಮನಗಾಣಬೇಕು. ತೆರೆಯ ಮೇಲೆ ಒಂದು ಸೆಕೆಂಡಿಗೆ 24 ಚಿತ್ರಗಳು ಸರಿದುಹೋದಾಗ ನಮ್ಮ ಕಣ್ಣು ಅದನ್ನು ಚಲನೆಯೆಂದು ಗ್ರಹಿಸುತ್ತದೆ. ಒಂದೇ ಚಿತ್ರವನ್ನು ಎರಡೆರಡು ಬಾರಿ ಬಳಸಿಕೊಂಡರೂ ಸೆಕೆಂಡಿಗೆ ಹನ್ನೆರಡು ಚಿತ್ರಗಳು ಬೇಕು. ಸುಮಾರು ಎರಡೂಕಾಲು ಗಂಟೆಯ ಈ ಚಿತ್ರಕ್ಕೆ ಒಂದು ಲಕ್ಷದಷ್ಟು ಚಿತ್ರಗಳು ಬೇಕಾದವು. ಗಣಕಯಂತ್ರ ಇಂದಿನಂತೆ ನೆರವಾಗದಿದ್ದ ಆ ದಿನಗಳಲ್ಲಿ ಪ್ರತಿಯೊಂದನ್ನೂ ಕೈಯಿಂದಲೇ ಬಿಡಿಸಿ, ಪಾರದರ್ಶಕ ಹಾಳೆಗೆ ಇಳಿಸಿ, ಬಣ್ಣ ತುಂಬಬೇಕಾಗಿತ್ತು. ರಾಮನು ಬಿಲ್ಲನ್ನೆತ್ತುವುದು ನಮಗೆ ಕಣ್ಣೆವೆಯಿಕ್ಕುವಷ್ಟು ಹೊತ್ತಿನ ನೋಟ. ಚಿತ್ರಕಾರನಿಗೆ ಅದು ಹಲವು ದಿನಗಳ ಕಾಯಕ.

ಇದಕ್ಕಿಂತಲೂ ಕಠಿನವಾದ ಪಾಠ ಬೇರೊಂದಿತ್ತು. ಧೋತ್ರವನ್ನು ಉಡುವ ಬಗೆ, ಅದರ ನೆರಿಗೆ ನಡೆಯುವಾಗ ಬೀಳುವ ರೀತಿ, ಇವನ್ನು ಜಪಾನೀ ಕಲಾವಿದರು ಅರಿಯರು. ಅವರ ನಾಡಿನಲ್ಲಿ ಹಿರಿಯರೆದುರು ದೂರ ನಿಂತು ನಡುಬಾಗಿ ವಂದಿಸುತ್ತಾರೆ. ನಮ್ಮಲ್ಲಿ ಕಿರಿಯರು ಪಾದ ಮುಟ್ಟುತ್ತಾರೆ, ಹಿರಿಯರು ತಲೆಯ ಮೇಲೆ ಕೈಯಿಟ್ಟು ಹರಸುತ್ತಾರೆ. ಉಡುಗೆಯ ಬಗೆಯನ್ನೂ ಹಿರಿಯರ ಆಶೀರ್ವಾದ ಪಡೆಯುವ ಕ್ರಮವನ್ನೂ ಭಾರತೀಯ ಕಲಾವಿದರು ಅವರಿಗೆ ಹೇಳಿಕೊಟ್ಟರು. ಹುಟ್ಟಿನಿಂದ ಬಂದವರು ಯೋಚಿಸದೆಯೇ ಮಾಡುವುದನ್ನು ಹೊರಗಿನವರು ಗಮನಿಸಿ, ಕೇಳಿ, ತಿದ್ದಿಕೊಂಡು ಕಲಿಯಬೇಕಾಯಿತು.

ಹೀಗೆ ಸಿದ್ಧವಾದ ಚಿತ್ರ 1993ರ ಜನವರಿಯಲ್ಲಿ ಭಾರತದ ಅಂತಾರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಪ್ರದರ್ಶಿತವಾಯಿತು. ಚಿತ್ರಮಂದಿರಗಳಲ್ಲಿ ಅದಕ್ಕೆ ಸಲ್ಲಬೇಕಾದ ಸ್ವಾಗತ ಅಂದು ಸಿಗಲಿಲ್ಲ. ಮುಂದೆ ಟೆಲಿವಿಷನ್ನಿನ ಮೂಲಕ ಅದು ಮನೆಮನೆಯ ಮಕ್ಕಳನ್ನು ತಲುಪಿತು. ಆ ಮಕ್ಕಳೇ ಬೆಳೆದು ದೊಡ್ಡವರಾಗಿ ಅದನ್ನು ಮತ್ತೆ ಬೇಡಿದಾಗ, 2025ರ ಜನವರಿ 24ರಂದು ನವೀಕೃತ ರೂಪದಲ್ಲಿ ಭಾರತದ ಚಿತ್ರಮಂದಿರಗಳಿಗೆ ಬಂತು. ಅದನ್ನು ಕಾಣಲು ಸಾಕೊ ಇರಲಿಲ್ಲ. ಅವರು 2012ರಲ್ಲಿ ತೀರಿಕೊಂಡಿದ್ದರು. 2019ರಲ್ಲಿ ರಾಮ್ ಮೋಹನ್ ಅವರೂ ಅಗಲಿದ್ದರು.

ನಾನು ಉಪಾಧ್ಯಾಯನಾಗಿದ್ದಾಗ ಈ ಚಿತ್ರದ ಮಾತು ಬಂದರೆ ಹಿರಿಯ ಸಹೋದ್ಯೋಗಿಯೊಬ್ಬರು, "ದೇವರನ್ನು ಗೊಂಬೆ ಮಾಡಿದರೆ ಭಕ್ತಿ ಹುಟ್ಟುವುದು ಹೇಗೆ ಮಾಸ್ಟ್ರೇ?" ಎಂದು ಕೇಳುತ್ತಿದ್ದರು. ಅವರದು ಕುಹಕವಲ್ಲ, ನಿಜವಾದ ಆತಂಕ. ಆದರೆ ಮೊಮ್ಮಗಳೊಡನೆ ಈ ಚಿತ್ರವನ್ನು ನೋಡಿದಂದು ಅದಕ್ಕೆ ಉತ್ತರ ದೊರೆಯಿತೆಂದು ನನಗನಿಸಿತು. ಕುಂಭಕರ್ಣ ಎದ್ದು ಬಂದಾಗ ಅವಳು ನನ್ನ ತೋಳನ್ನು ಬಿಗಿಯಾಗಿ ಹಿಡಿದುಕೊಂಡಳು, ಅವನು ಬಿದ್ದಾಗ, "ಅಜ್ಜ, ಪಾಪ ಅಲ್ವಾ ಅವನು?" ಎಂದಳು. ಶತ್ರುವಿನ ಸಾವಿಗೂ ಮರುಗುವಂತೆ ಮಾಡಿದ ಮೇಲೆ ಆ ರಾಮಾಯಣ ಗೊಂಬೆಯಾಟವೆಂದು ಹೇಗೆ ಹೇಳಲಿ? ಬಯಲಾಟದ ಕುಂಭಕರ್ಣನೂ ಒಂದು ಕಾಲದಲ್ಲಿ ನನಗೆ ಹೀಗೆಯೇ ಕಂಡಿದ್ದ.

ಭಾರತ ಜಪಾನುಗಳ ನಡುವಣ ಈ ಕೊಡುಕೊಳೆ ಹೊಸತೇನೂ ಅಲ್ಲ. ಹನ್ನೆರಡನೆಯ ಶತಮಾನದ 'ಹೋಬುತ್ಸುಶೂ' ಎಂಬ ಜಪಾನೀ ಕಥಾಸಂಗ್ರಹದಲ್ಲಿ ರಾಮಕಥೆಯ ಒಂದು ರೂಪವಿದೆ; ಬೌದ್ಧರ ಮೂಲಕ ಚೀನವನ್ನು ಹಾದು ಅಲ್ಲಿಗೆ ತಲುಪಿದ ಕಥೆಯದು. ಅದಕ್ಕೂ ಹಿಂದೆ, 752ರಲ್ಲಿ, ನಾರಾ ನಗರದ ಮಹಾಬುದ್ಧನ ವಿಗ್ರಹಕ್ಕೆ ಕುಂಚದಿಂದ ಕಣ್ಣು ಬರೆದು ಪ್ರತಿಷ್ಠೆಯನ್ನು ನೆರವೇರಿಸಿದವನು ಭಾರತದಿಂದ ಹೋದ ಬೋಧಿಸೇನನೆಂಬ ಭಿಕ್ಷು. ಭಾರತೀಯನೊಬ್ಬ ಅವರ ಬುದ್ಧನಿಗೆ ಕಣ್ಣು ಬರೆದ. ಹನ್ನೆರಡು ಶತಮಾನಗಳು ಕಳೆದ ಮೇಲೆ ಅವರ ಕಲಾವಿದರು ನಮ್ಮ ರಾಮನಿಗೆ ಕಣ್ಣು ಬರೆದರು. ಅಂದು ಅವರು ಬೋಧಿಸೇನನನ್ನು ಹೊರಗಿನವನೆಂದು ತಡೆಯಲಿಲ್ಲ.

ಕಥೆಗೆ ಬೇಲಿ ಕಟ್ಟಿ ಕಾಯುವುದು ಸುಲಭ, ಉತ್ತು ಬಿತ್ತುವುದು ಕಷ್ಟ. ಮೂಡುಬಿದಿರೆಯಲ್ಲಿ ಧವಲಾ ಗ್ರಂಥದ ತಾಳೆಗರಿಗಳು ಶತಮಾನಗಳವರೆಗೆ ಉಳಿದುಬಂದದ್ದು ಯಾರೋ ಅವುಗಳನ್ನು ಪ್ರತಿ ಮಾಡಿದ್ದರಿಂದ, ಚಿತ್ರ ಬರೆದದ್ದರಿಂದ, ಜೋಪಾನ ಮಾಡಿದ್ದರಿಂದ. ಯುಗೊ ಸಾಕೊ ಹತ್ತು ರಾಮಾಯಣಗಳನ್ನು ಓದಿ, ಲಕ್ಷ ಚಿತ್ರಗಳನ್ನು ಬರೆಯಿಸಿ ರಾಮನನ್ನು ತಮ್ಮವನನ್ನಾಗಿ ಮಾಡಿಕೊಂಡರು. ನಮಗೆ ಹುಟ್ಟಿನಿಂದಲೇ ಬಂದಿರುವ ಹೊಲವಿದೆ. ಅದನ್ನು ಹಡಿಲು ಬಿಡದೆ ಒಂದು ಬೆಳೆಯನ್ನಾದರೂ ತೆಗೆಯುವ ಕೆಲಸ ಇದನ್ನು ಓದುತ್ತಿರುವ ನಿಮ್ಮ ಪಾಲಿಗಿದೆ.