ರಮ್ಮಿನ ಭರಣಿ

ಕ್ರಿಸ್ಮಸ್ಸಿನ ಹಣ್ಣಿನ ಕೇಕಿಗೆ ಒಲೆಗಿಂತ ಭರಣಿಯೇ ಮುಖ್ಯವೆಂಬುದು ನನ್ನ ಮತ. ಮಂಗಳೂರಿನ ನಮ್ಮ ನೆರೆಮನೆಯ ಬಾಯಿಯವರು ನವರಾತ್ರಿಯ ವೇಳೆಗೇ ಒಣದ್ರಾಕ್ಷಿ, ಖರ್ಜೂರ, ಕಿತ್ತಳೆಯ ಸಿಪ್ಪೆಗಳನ್ನು ಹೆಚ್ಚಿ ರಮ್ಮಿನಲ್ಲಿ ನೆನೆಯಿಡುತ್ತಿದ್ದರು. ಮದ್ಯವು ಹಣ್ಣನ್ನು ಕೆಡದಂತೆ ಕಾಯುವುದು. ಹಣ್ಣು ಮದ್ಯದ ಉರಿಯನ್ನು ತಣಿಸುವುದು. 1883ರಲ್ಲಿ ತಲಶ್ಶೇರಿಯ ಮಾಂಬಳ್ಳಿ ಬಾಪು ಎಂಬವರು ಬ್ರೌನ್ ದೊರೆಗೆ ಕೇಕು ಮಾಡಿಕೊಟ್ಟಾಗ ಬ್ರಾಂದಿಗೆ ಬದಲಾಗಿ ಊರಿನ ಸಾರಾಯಿಯನ್ನೇ ಬಳಸಿದರಂತೆ, ಜಾಣರು!

ಕಳೆದ ಕಾರ್ತಿಕದಲ್ಲಿ ಬಾಯಿಯವರು ತೀರಿಕೊಂಡರು. ಭರಣಿ ಉಳಿಯಿತು. ಅವರ ಮಗಳು ಅದನ್ನು ನಮ್ಮಲ್ಲಿಗೆ ತಂದು, “ಅಕ್ಕಾ, ನನ್ನೊಬ್ಬಳಿಂದ ಆಗದು” ಎಂದಳು. ಮದ್ಯದ ಹೆಸರೆತ್ತಿದರೆ ಮೀಯುವ ನಮ್ಮತ್ತೆಯವರು ಅರೆಗಳಿಗೆ ಸುಮ್ಮನಿದ್ದರು. ಬಳಿಕ ಸೆರಗು ಬಿಗಿದು ಸಕ್ಕರೆಯನ್ನು ಕಪ್ಪಾಗಿ ಕರಗಿಸಲು ಕುಳಿತರು.

“ಮೊಟ್ಟೆ ಮಾತ್ರ ನೀನೇ ಒಡೆದುಕೊ, ಮಗಳೇ” ಎಂದರು.