ಖಾಲೂ ಯಾವಾಗ ಬಂದರು?

ರೇಸಿನ ಮಾತು ನಮ್ಮ ಮನೆಯಲ್ಲಿ ಆಡುವಂತಿರಲಿಲ್ಲ. ಜೂಜು ಎಂದರೆ ಅಬ್ಬಾ ಊಟ ಬಿಟ್ಟು ಏಳುತ್ತಿದ್ದರು. ಹೀಗಿದ್ದೂ ಸೆಕ್ರೆಟೇರಿಯಟ್ ಎಂಬ ಕುದುರೆಯ ಕುರಿತು 2010ರಲ್ಲಿ ಬಂದ ಹಾಲಿವುಡ್ ಚಿತ್ರವನ್ನು ನಾವು ಖಾಲಾ ಜೊತೆ ಕೂತು ನೋಡಿದೆವು. ಅವರಿಗೆ ಇಂಗ್ಲಿಷ್ ಬಾರದು. ಒಂದೊಂದು ಮಾತನ್ನೂ ನಾವು ಬಿಡಿಸಿ ಹೇಳಬೇಕಿತ್ತು.

ನಮ್ಮನ್ನು ಹಿಡಿದು ಕೂರಿಸಿದ್ದು ಕುದುರೆಯಲ್ಲ, ಅದರ ಒಡತಿ ಪೆನ್ನಿ ಚೆನರಿ. ಕೊಲಂಬಿಯಾದಲ್ಲಿ ಓದುವಾಗ ಪರಿಚಯವಾದ ಜಾನ್ ಟ್ವೀಡಿಯನ್ನು ಆಕೆ 1949ರಲ್ಲಿ ಮದುವೆಯಾದರು. ಗಂಡ ವಕೀಲ, ನಾಲ್ಕು ಮಕ್ಕಳು, ಕೊಲೊರಾಡೊದಲ್ಲಿ ಮನೆ. 1967ರಲ್ಲಿ ತಾಯಿ ತೀರಿಕೊಂಡರು. ತಂದೆಗೆ ಮರೆವಿನ ಕಾಯಿಲೆ. ವರ್ಜೀನಿಯಾದಲ್ಲಿದ್ದ ತಂದೆಯ ಕುದುರೆ ಫಾರ್ಮು ನಷ್ಟದಲ್ಲಿ. ಅಣ್ಣ, ಅಕ್ಕ ಮಾರಿಬಿಡೋಣ ಎಂದರು, ಪೆನ್ನಿ ಒಪ್ಪಲಿಲ್ಲ. ಮಕ್ಕಳು ಒಂದು ಕಡೆ, ಕುದುರೆಗಳು ಒಂದು ಕಡೆ, ನಡುವೆ ಅರ್ಧ ಅಮೆರಿಕ. 1973ರ ಜನವರಿಯಲ್ಲಿ ತಂದೆ ತೀರಿಕೊಂಡಾಗ ತೆರಿಗೆಯ ಹೊರೆ ಬಿತ್ತು. ಸೆಕ್ರೆಟೇರಿಯಟ್‌ನ ತಳಿ ಹಕ್ಕನ್ನು 32 ಪಾಲು ಮಾಡಿ, ಪಾಲಿಗೆ 1,90,000 ಡಾಲರಿನಂತೆ ಮಾರಬೇಕಾಯಿತು. ಆ ಜೂನ್ 9ರಂದು ಬೆಲ್ಮಾಂಟ್ ಓಟದಲ್ಲಿ ಅದು 31 ಕುದುರೆಯುದ್ದದ ಅಂತರದಿಂದ ಗೆದ್ದಿತು. 2 ನಿಮಿಷ 24 ಸೆಕೆಂಡು. ಆ ದಾಖಲೆಯನ್ನು ಇಂದಿಗೂ ಯಾವ ಕುದುರೆಯೂ ಮುರಿದಿಲ್ಲ.

ಚಿತ್ರದಲ್ಲಿ ಮೊದಲು ಗೊಣಗುವ ಗಂಡ ಕೊನೆಗೆ ಹೆಂಡತಿಯ ಪಕ್ಕ ನಿಲ್ಲುತ್ತಾನೆ. ಖಾಲಾ ದುಪಟ್ಟಾದಲ್ಲಿ ಕಣ್ಣೊರೆಸಿಕೊಂಡರು. ನಾವು ಸುಮ್ಮನಿರಬಹುದಿತ್ತು.

"ನಿಜದಲ್ಲಿ ತಲಾಖ್ ಆಯ್ತು ಖಾಲಾ. ಕುದುರೆ ಗೆದ್ದ ಸ್ವಲ್ಪ ಕಾಲಕ್ಕೇ. ಆಮೇಲೆ ಇನ್ನೊಂದು ಮದುವೆ, ಅದೂ ಉಳಿಯಲಿಲ್ಲ."

ಅವರು ತುಸು ಹೊತ್ತು ಟಿವಿಯನ್ನೇ ನೋಡಿದರು. "ನೀನೂ ಹಾಗೇ ಬರೆದಿದ್ದೆಯಲ್ಲ ಬೇಟಾ."

ನಾನಾಗೆ ಲಕ್ವ ಹೊಡೆದಾಗ ಗಂಡನ ಮನೆಯಿಂದ ಬಂದು ಬಳೆ ಅಂಗಡಿಯ ಗಲ್ಲಾದಲ್ಲಿ ಕೂತವರು ಈ ಖಾಲಾ. ಅಂಗಡಿಯೋ ಮನೆಯೋ ಒಂದನ್ನು ಆರಿಸಿಕೋ ಎಂದು ಖಾಲೂ ಹೇಳಿ ಕಳಿಸಿದರು. ಮತ್ತೆ ಈ ಕಡೆ ತಲೆ ಹಾಕಲಿಲ್ಲ. ನಮ್ಮ ಕಥೆಯಲ್ಲಿ ಮಾತ್ರ ಈದ್‌ನ ಹಿಂದಿನ ಸಂಜೆ ಖರ್ಜೂರದ ಪೊಟ್ಟಣ ಹಿಡಿದು ಬರುತ್ತಾರೆ. ಪತ್ರ ಬರೆದ ಓದುಗರೆಲ್ಲ ಮೆಚ್ಚಿದ್ದು ಅದನ್ನೇ!

"ಓದುವವರಿಗೆ ಸಮಾಧಾನವಾಗಲಿ ಅಂತ..." ಎಂದೆವು.

"ಅವರು ಬರಲಿ ಅಂತ ನಾನು ಒಂದು ದಿನವಾದರೂ ಅಂಗಡಿ ಮುಚ್ಚಿದ್ದೆನಾ?" ಎಂದವರು, "ಆ ಹೆಂಗಸು ಆಮೇಲೆ ಏನಾದಳು?" ಎಂದು ಕೇಳಿದರು.

1983ರಲ್ಲಿ ಅಲ್ಲಿನ ಜಾಕಿ ಕ್ಲಬ್ಬಿಗೆ ಸೇರಿಸಿಕೊಂಡ ಮೊದಲ ಮಹಿಳೆಯರಲ್ಲಿ ಒಬ್ಬರು, 2017ರಲ್ಲಿ 95ನೇ ವಯಸ್ಸಿಗೆ ತೀರಿಕೊಂಡರು ಎಂದೆವು. ಖಾಲಾ ತಲೆದೂಗಿ ಇಶಾ ನಮಾಜಿಗೆ ಎದ್ದರು.

ಆ ಸಂಕಲನ ಈಗ ಮರುಮುದ್ರಣಕ್ಕೆ ಹೋಗಬೇಕಿದೆ. ಕೊನೆಯ ಪುಟ ವಾರದಿಂದ ಮೇಜಿನ ಮೇಲಿದೆ. ಅದರಲ್ಲಿ ಖಾಲೂ ಇನ್ನೂ ಬಾಗಿಲಲ್ಲೇ ನಿಂತಿದ್ದಾರೆ, ಕೈಯಲ್ಲಿ ಪೊಟ್ಟಣ.